ಮಿಲ್ಕಾಬಾಯಿಯ ತೊಟ್ಟಿಗೆ ಎರಡು ತಂಬಿಗೆ

ಕುಡಚಿ ಸ್ಟೇಷನ್

ನಾನು ಇಸ್ರೇಲಿಗೆ ಹೋದದ್ದು ದ್ರಾಕ್ಷಿ ನೋಡಲು. ಹಾಗೆಂದು ಪಾಸ್‌ಪೋರ್ಟ್ ಕಚೇರಿಯಲ್ಲಿ ಹೇಳಿದ್ದೆವು, ಬಸದಿಯಲ್ಲಿ ಹೇಳಿದ್ದೆವು, ಶೇಡಬಾಳದ ನಮ್ಮ ಓಣಿಯಲ್ಲಂತೂ ಕೇಳದವರಿಗೂ ಹೇಳಿದ್ದೆವು. ನೋಡಿ ಬಂದದ್ದು ಬೇರೆ. ದ್ರಾಕ್ಷಿಯ ವಿಷಯ ಬೇಕಾದವರು ನಮ್ಮ ಮನೆಯವರನ್ನು ಕೇಳಬೇಕು. ಅವರು ಹನಿ ನೀರಾವರಿಯ ಕಥೆ ಶುರು ಮಾಡಿದರೆ ಎದುರಿಗೆ ಕೂತವರು ಎದ್ದು ಹೋದದ್ದೂ ಅವರಿಗೆ ತಿಳಿಯುವುದಿಲ್ಲ. ನಾನು ಬರೆಯುತ್ತಿರುವ ಸಂಗತಿ ಅವರಿಗೆ ಇವತ್ತಿನವರೆಗೂ ಗೊತ್ತಿಲ್ಲ.

ತೊಂಬತ್ತರ ದಶಕದ ನಡುವಿನ ಮಾತು. ಅಥಣಿ, ಕಾಗವಾಡ ಕಡೆಯ ಎಂಟು ಜನ ದ್ರಾಕ್ಷಿ ಬೆಳೆಗಾರರು ಕೂಡಿ ಹೊರಟಿದ್ದರು. ಒಂಬತ್ತನೆಯವರು ನಮ್ಮ ಮನೆಯವರು. ಹೆಂಗಸು ನಾನೊಬ್ಬಳೇ. ನನ್ನನ್ನು ಪ್ರೀತಿಯಿಂದ ಕರೆದೊಯ್ದರು ಎಂದು ಬರೆಯಲು ನನಗೂ ಆಸೆಯೇ. ನಿಜವೆಂದರೆ ನಮ್ಮತ್ತೆ ಹಟ ಹಿಡಿದಿದ್ದರು. "ನೀರು ಸೋಸಲಾರದ ದೇಶಕ್ಕ ನನ್ನ ಮಗನ್ನ ಒಬ್ಬನ್ನ ಕಳಸೂದಿಲ್ಲ" ಎಂದರು. ಹೀಗೆ ನಾನು ಹೋದದ್ದು ಹೆಂಡತಿಯಾಗಿ ಅಲ್ಲ, ಸೋಸುವ ಅರಿವೆಯ ಜೊತೆಗಾರಳಾಗಿ.

ನಮ್ಮದು ಜೈನರ ಮನೆ. ನೀರನ್ನು ಎರಡು ಪದರಿನ ಅರಿವೆಯಲ್ಲಿ ಸೋಸದೆ ಕುಡಿಯುವುದಿಲ್ಲ. ಸೋಸಿದ ಮೇಲೆ ಅರಿವೆಯನ್ನು ತಿರುವಿ ತೊಳೆದು, ಆ ತೊಳೆದ ನೀರನ್ನು ಎಲ್ಲಿಂದ ತಂದೆವೋ ಅಲ್ಲಿಗೇ ಮರಳಿ ಬಿಡಬೇಕು. ಅದರಲ್ಲಿ ಕಣ್ಣಿಗೆ ಕಾಣದ ಜೀವಗಳಿರುತ್ತವೆ, ಅವು ತಮ್ಮ ಮನೆ ಸೇರಬೇಕು. ಇದಕ್ಕೆ ಜೀವಾಣಿ ಬಿಡುವುದು ಎನ್ನುತ್ತೇವೆ. ಕುಡಚಿ ಸ್ಟೇಷನ್ನಿನಲ್ಲಿ ಗಾಡಿ ಬರುವ ಹೊತ್ತಿಗೆ ಅತ್ತೆ ನನ್ನ ಕೈಗೆ ಹಿತ್ತಾಳೆಯ ತಂಬಿಗೆ ಕೊಟ್ಟರು, ಅದರೊಳಗೆ ಒಂದು ಸಣ್ಣ ಗಂಟು. ಬಿಚ್ಚಿ ನೋಡಿದರೆ ನಾಲ್ಕು ಹುಣಸೆ ಬೀಜ.

"ಕಾಗಿ ಮುಟ್ಟಿದ್ರ ಅಲ್ಲಿ ಎಣಿಸಾಕ ನಾ ಇರೂದಿಲ್ಲ" ಎಂದರು, ಎಂಟು ಜನ ಬೆಳೆಗಾರರಿಗೂ ಕೇಳುವಂತೆ.

ಕಾಗೆ ಮುಟ್ಟುವುದೆಂದರೆ ಹೊರಗಾಗುವುದು. ಆ ದಿನಗಳಲ್ಲಿ ನಾನು ಹಿತ್ತಲ ಕೋಣೆಯಲ್ಲಿ ಕೂಡುತ್ತಿದ್ದೆ. ಅತ್ತೆ ದಿನಕ್ಕೊಂದು ಬೀಜ ಗೋಡೆಯ ಗೂಡಿನಲ್ಲಿ ಇಡುತ್ತಿದ್ದರು. ನಾಲ್ಕನೆಯದು ಇಟ್ಟ ದಿನ ತಲೆಗೆ ನೀರು ಹಾಕಿಕೊಂಡು ನಾನು ಮತ್ತೆ ಮನುಷ್ಯಳಾಗುತ್ತಿದ್ದೆ. ಹದಿನೆಂಟು ವರ್ಷ ಸಂಸಾರ ಮಾಡಿದರೂ ಬೀಜ ಇಡುವ ಅಧಿಕಾರ ನನಗೆ ಬಂದಿರಲಿಲ್ಲ.

ಮಿಲ್ಕಾಬಾಯಿಯ ಮನೆ

ಆ ದೇಶದ ದಕ್ಷಿಣದಲ್ಲಿ, ಮರಳುಗಾಡಿನ ಅಂಚಿಗೆ, ಐವತ್ತು ಅರವತ್ತು ಮನೆಗಳ ಒಂದು ಒಕ್ಕಲುತನದ ಹಳ್ಳಿ. ಬೆಳೆಗಾರರನ್ನು ಹತ್ತಿರದ ಪಟ್ಟಣದ ವಸತಿಗೃಹದಲ್ಲಿಟ್ಟರು. ಗಂಡಹೆಂಡತಿ ಎಂದು ನಮ್ಮಿಬ್ಬರನ್ನು ಹಳ್ಳಿಯ ಒಂದು ಮನೆಗೆ ಕಳಿಸಿದರು. ಬಾಗಿಲು ತೆರೆದ ಮುದುಕಿ ನನ್ನ ಸೀರೆಯನ್ನು ಮೇಲಿಂದ ಕೆಳಗೆ ನೋಡಿ, ಅಚ್ಚ ಮರಾಠಿಯಲ್ಲಿ "ಅಗೋ ಬಾಈ, ಆತ ಯೇ", ಒಳಗೆ ಬಾ, ಎಂದಳು. ನನಗೆ ಕಣ್ಣಲ್ಲಿ ನೀರು ಬಂತು. ಮೂರು ದಿನದಿಂದ ಕೈಸನ್ನೆಯಲ್ಲೇ ಬದುಕಿದ್ದೆ.

ಅವರೇ ಮಿಲ್ಕಾಬಾಯಿ. ಅಲಿಬಾಗ ಕಡೆಯ ಯಹೂದಿಗಳು. ಅವರ ಅಜ್ಜಂದಿರು ಅಲ್ಲಿ ಎಣ್ಣೆಯ ಗಾಣ ಹಾಕಿದ್ದರಂತೆ, ಶನಿವಾರ ಗಾಣ ನಿಲ್ಲಿಸುತ್ತಿದ್ದರಂತೆ. ಹುಡುಗಿಯಾಗಿದ್ದಾಗ ಇಲ್ಲಿಗೆ ಬಂದವರು ಮರಾಠಿಯನ್ನೂ ಖೋಬ್ರಿ ಚಟ್ನಿಯನ್ನೂ ಬಿಟ್ಟಿರಲಿಲ್ಲ. ನಮ್ಮ ಮಾತೆಲ್ಲ ಮರಾಠಿಯಲ್ಲಿ ನಡೆಯಿತು, ಇಲ್ಲಿ ನಮ್ಮ ಕನ್ನಡದಲ್ಲೇ ಬರೆಯುತ್ತೇನೆ. ಹೆಸರುಗಳನ್ನೂ ಬದಲಿಸಿದ್ದೇನೆ.

ಊಟದ ವಿಷಯದಲ್ಲಿ ನಮಗಿಬ್ಬರಿಗೂ ಮೊದಲ ದಿನವೇ ಹೊಂದಿಕೆಯಾಯಿತು. ನಾನು ಈರುಳ್ಳಿ, ಬಟಾಟಿ ಬೇಡವೆಂದೆ. ಅವರು ಹಾಲಿನ ಪಾತ್ರೆ ಬೇರೆ, ಮಾಂಸದ ಪಾತ್ರೆ ಬೇರೆ ಎಂದು ಎರಡು ಕಪಾಟು ತೋರಿಸಿದರು. ನಾನು ಸೂರ್ಯ ಮುಳುಗಿದ ಮೇಲೆ ಏನೂ ಬಾಯಿಗೆ ಹಾಕುವುದಿಲ್ಲವೆಂದೆ. "ಚಲೋ ಆತು, ರಾತ್ರಿ ಒಂದು ತಾಟು ಕಡಿಮಿ" ಎಂದರು. ಊರಿನ ಬೀಗತಿಯರಾಗಿದ್ದರೆ ಇಷ್ಟಕ್ಕೇ ಜಗಳವಾಗುತ್ತಿತ್ತು.

ತ್ರಾಸು ಕೊಟ್ಟದ್ದು ನಲ್ಲಿ. ನಲ್ಲಿಯ ನೀರು ಸೋಸಿದೆ, ಸರಿ. ಜೀವಾಣಿ ಎಲ್ಲಿ ಬಿಡಬೇಕು? ನಲ್ಲಿಯೊಳಗೆ ಮರಳಿ ಹೇಗೆ ಕಳಿಸುವುದು? ಮೊದಲ ದಿನ ಗುಲಾಬಿ ಗಿಡದ ಬುಡಕ್ಕೆ ಹಾಕಿದೆ. ರಾತ್ರಿಯೆಲ್ಲ ನಿದ್ದೆಯಿಲ್ಲ. ಸಾವಿರಾರು ಜೀವಗಳನ್ನು ಮರಳುಗಾಡಿಗೆ ಕರೆತಂದು ಒಣಗಿಸಿದೆನಲ್ಲ ಎನಿಸಿತು.

ಮಿಲ್ಕಾಬಾಯಿಯ ಮಗ ಡ್ಯಾನಿ ದ್ರಾಕ್ಷಿ ತೋಟದವನು, ನಮ್ಮವರಿಗೆಲ್ಲ ಅವನೇ ಗುರು. ಸೊಸೆ ರೂತ್ ಶಾಲೆಯಲ್ಲಿ ಕಲಿಸುತ್ತಿದ್ದಳು. ಮದುವೆಯಾಗಿ ಎರಡು ವರ್ಷ. ಸಂಜೆ ರೂತ್ ಗಂಡನಿಗೆ ಚಹಾ ತಂದು ಮೇಜಿನ ಮೇಲಿಟ್ಟು ಕೈ ಹಿಂದೆ ತೆಗೆದಳು. ಅವಳ ಕೈ ಪೂರ್ತಿ ದೂರವಾದ ಮೇಲೆ ಅವನು ಕಪ್ಪು ಎತ್ತಿಕೊಂಡ. ಸಾಕ್ಸು, ಕೀಲಿಕೈ, ಪತ್ರಿಕೆ, ಎಲ್ಲವೂ ಹೀಗೇ. ಜಗಳವಾಡಿದ್ದಾರೆಂದು ನಾನು ತಿಳಿದೆ. ನಮ್ಮಲ್ಲೂ ಜಗಳವಾದಾಗ ಚಹಾ ಹೀಗೆಯೇ ಬರುತ್ತದೆ, ಸ್ವಲ್ಪ ಹೆಚ್ಚು ಸಪ್ಪಳದೊಂದಿಗೆ.

ಎರಡನೆಯ ದಿನ ನನಗೆ ಕಾಗೆ ಮುಟ್ಟಿತು. ಹಿತ್ತಲ ಕೋಣೆಯಿಲ್ಲದ ದೇಶದಲ್ಲಿ ಹೊರಗೆ ಎಲ್ಲಿ ಕೂಡಬೇಕು? ನಮ್ಮ ಕೋಣೆಯ ಎರಡು ಮಂಚಗಳನ್ನು ಎಳೆದು ಒಂದನ್ನು ಕಿಟಕಿಗೆ, ಇನ್ನೊಂದನ್ನು ಬಾಗಿಲಿಗೆ ಹಚ್ಚಿದೆ. ಬೆಳಿಗ್ಗೆ ಹಾಸಿಗೆ ತೆಗೆಯಲು ಬಂದ ಮಿಲ್ಕಾಬಾಯಿ ಮಂಚ ನೋಡಿದರು, ನನ್ನ ಮುಖ ನೋಡಿದರು.

"ಕಾಗಿ ಮುಟ್ಟೇತೇನ ಬಾಯಿ?"

ಸಮುದ್ರ ದಾಟಿ ಬಂದರೂ ಆ ಕಾಗೆ ಬೆನ್ನು ಬಿಟ್ಟಿರಲಿಲ್ಲ. ನಾನು ಹುಣಸೆ ಬೀಜ ತೋರಿಸಿ, ನಾಲ್ಕು ದಿನದ ಲೆಕ್ಕ ಹೇಳಿದೆ.

"ನಾಕ ದಿನಾ? ಭಾಳ ಸಸ್ತಾ ಆತಲ್ಲವಾ ನಿಮ್ಮದು" ಎಂದು ನಕ್ಕರು. "ನಮ್ಮಲ್ಲಿ ಕಡಿಮ್ಯಂದ್ರ ಐದು ದಿನಾ, ಅದು ನಿಂತ ಮ್ಯಾಲ ಮತ್ತ ಏಳು ದಿನಾ ಸ್ವಚ್ಛ ಎಣಿಸಬೇಕು. ನಡುವ ಒಂದು ಕಲಿ ಕಂಡ್ರ ಮತ್ತ ಒಂದರಿಂದ ಶುರು. ಏಳು ಮುಗದ ರಾತ್ರಿ ಚುಕ್ಕಿ ಮೂಡಿದ ಮ್ಯಾಲ ಮಿಕ್ವೆ ಅನ್ನೂ ಕೊಳದಾಗ ಮುಳಗಬೇಕು. ಅಲ್ಲೀತನಾ ಗಂಡನ ಬೆರಳು ಸೈತ ತಾಗಬಾರದು."

ಆಗ ನನಗೆ ಚಹಾದ ಕಪ್ಪಿನ ಅರ್ಥವಾಯಿತು.

ಅಡುಗೆಮನೆಯ ಗೋಡೆಗೆ ಒಂದು ಕ್ಯಾಲೆಂಡರ್ ಇತ್ತು. ಅದರ ಮೇಲೆ ಪೆನ್ಸಿಲ್ಲಿನ ಚುಕ್ಕೆಗಳು. ಆ ಚುಕ್ಕೆಗಳು ರೂತಳ ದಿನಗಳು, ಪೆನ್ಸಿಲ್ಲು ಮಿಲ್ಕಾಬಾಯಿಯದು. ಮೊಮ್ಮಗುವಿನ ಆಸೆ ಅವರಿಗೆ. ಹಳ್ಳಿಯ ಮಿಕ್ವೆಯ ಉಸ್ತುವಾರಿಯೂ ಅವರದೇ. ಹೆಂಗಸರ ಉಗುರು, ಕೂದಲು ನೋಡುವುದು, ಮುಳುಗಿದಾಗ ಒಂದು ಕೂದಲೂ ಮೇಲೆ ಉಳಿಯದಂತೆ ಕಾಯುವುದು ಅವರ ಕೆಲಸ. ಸ್ವಂತ ಸೊಸೆಯನ್ನೂ ಅವರೇ ನೋಡಿ ಒಳಗೆ ಬಿಡುತ್ತಿದ್ದರು.

ಹೋಲಿಸಿ ನೋಡಿದೆ. ನಮ್ಮಲ್ಲಿ ಹೊರಗಾದವಳು ಯಾರಿಗೂ ತಾಗಬಾರದು, ಹಾಗಾಗಿ ನಾಲ್ಕು ದಿನ ಒಲೆಯೂ ಇಲ್ಲ, ಕಸವೂ ಇಲ್ಲ, ಬೈಗುಳ ಬಿಟ್ಟರೆ ಬಾಕಿ ಎಲ್ಲ ರಜೆ. ಅಲ್ಲಿ ಗಂಡನೊಬ್ಬನಿಗೆ ಮಾತ್ರ ದೂರ. ರೂತ್ ಹನ್ನೆರಡು ದಿನವೂ ಅಡುಗೆ ಮಾಡುತ್ತಿದ್ದಳು, ಶಾಲೆಗೂ ಹೋಗುತ್ತಿದ್ದಳು. ರಜೆಯಿಲ್ಲದ ಮೈಲಿಗೆ ಯಾರಿಗೆ ಬೇಕು ಎನಿಸಿತು. ಆದರೆ ನಮ್ಮಲ್ಲಿ ನಾನು ಹೊರಗಾದದ್ದು ಓಣಿಗೆಲ್ಲ ಗೊತ್ತು. ಅಲ್ಲಿ ಹೆಂಗಸು ಯಾವ ರಾತ್ರಿ ಮಿಕ್ವೆಗೆ ಹೋಗುತ್ತಾಳೆಂಬುದು ಗಂಡನ ಹೊರತು ಯಾರಿಗೂ ತಿಳಿಯಬಾರದಂತೆ. ಅಷ್ಟು ಗುಟ್ಟು. ಅಡುಗೆಮನೆಯ ಕ್ಯಾಲೆಂಡರ್ ಗುಟ್ಟಿನ ಲೆಕ್ಕಕ್ಕೆ ಬರುತ್ತಿರಲಿಲ್ಲ.

ನಾಲ್ಕನೆಯ ದಿನ, ಮಳೆ

ಮಿಕ್ವೆ ಎಂದರೆ ಮನೆಯ ಹಿಂದೆ ಹತ್ತು ಹೆಜ್ಜೆಯಲ್ಲಿದ್ದ ಒಂದು ಸಣ್ಣ ಕಟ್ಟಡ. ಒಳಗೆ ಮೆಟ್ಟಿಲಿಳಿದು ಮುಳುಗುವ ಬೆಚ್ಚನೆಯ ನೀರಿನ ಕೊಳ. ಪಕ್ಕದಲ್ಲೇ ಮಳೆನೀರಿನ ತೊಟ್ಟಿ. ಎರಡರ ನಡುವಿನ ಗೋಡೆಗೆ ಒಂದು ಕಂಡಿ. ಕೊಳದ ನೀರು ಆ ಕಂಡಿಯಲ್ಲಿ ಮಳೆನೀರನ್ನು ತಾಗಿದರೆ ಮಾತ್ರ ಶುದ್ಧ. ಆ ಮಳೆನೀರು ಆಕಾಶದಿಂದ ತಾನಾಗಿ ಹರಿದು ಬಂದದ್ದೇ ಆಗಬೇಕು, ಯಾರೂ ಪಾತ್ರೆಯಲ್ಲಿ ತಂದು ಸುರಿಯಬಾರದು. ಹಿಂದಿನ ತಿಂಗಳು ತೊಟ್ಟಿ ಬಿರುಕು ಬಿಟ್ಟಿತ್ತು. ಖಾಲಿ ಮಾಡಿ, ಗಾರೆ ಹಾಕಿಸಿ, ಮಿಲ್ಕಾಬಾಯಿ ಮಳೆಗೆ ಕಾಯುತ್ತಿದ್ದರು. ತೊಟ್ಟಿಯೊಳಗೆ ಒಂದು ಕೆಂಪು ಗೆರೆ. ನೀರು ಗೆರೆ ಮುಟ್ಟಿದರೆ ಮಿಕ್ವೆ ತಯಾರು. ಇದನ್ನೆಲ್ಲ ಅವರು ನನಗೆ ಹೇಳಿದ್ದು ಆಮೇಲೆ.

ನನ್ನ ನಾಲ್ಕನೆಯ ದಿನ ಬೆಳಗಿನಿಂದಲೇ ಮಳೆ. ಆ ಸೀಮೆಗೆ ಅಪರೂಪದ್ದು. ಮಿಲ್ಕಾಬಾಯಿಗೆ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಆವತ್ತೇ ರೂತಳ ಏಳನೆಯ ದಿನ. ಮರುದಿನ ನಸುಕಿನಲ್ಲೇ ಡ್ಯಾನಿ ಮೂರು ವಾರದ ಸೈನ್ಯದ ಪಾಳಿಗೆ ಹೊರಡುವವನಿದ್ದ. ಆ ರಾತ್ರಿ ತಪ್ಪಿದರೆ, ಅವನು ಬರುವ ಹೊತ್ತಿಗೆ ರೂತಳ ಮುಂದಿನ ದಿನಗಳು ಶುರುವಾಗಿರುತ್ತಿದ್ದವು. ಒಂದು ಕೈ ಹಿಡಿಯಲು ಇನ್ನೆಷ್ಟು ವಾರ ಕಾಯಬೇಕೋ.

ಮಧ್ಯಾಹ್ನ ಮಳೆ ನಿಂತಿತು. ನಾನು ತಲೆಗೆ ನೀರು ಹಾಕಿಕೊಂಡೆ. ನಾಲ್ಕು ದಿನ ನೀರಿನ ಕೊಡ ಮುಟ್ಟಿರಲಿಲ್ಲ. ಆ ಕೆಲಸ ನಮ್ಮ ಮನೆಯವರ ಪಾಲಿಗೆ ಬಂದು, ಅರ್ಧ ನೀರು ಅವರ ಧೋತರಕ್ಕೆ ಹೋಗುತ್ತಿತ್ತು. ಅರಿವೆ ಮತ್ತು ತಂಬಿಗೆ ಹಿಡಿದು ಹಿತ್ತಲಿಗೆ ಬಂದೆ. ತೊಟ್ಟಿಯ ಮುಚ್ಚಳ ತೆರೆದಿತ್ತು. ಗೆರೆ ನೋಡಲು ತೆಗೆದ ಮಿಲ್ಕಾಬಾಯಿ, ನೀರು ಕಾಯಿಸುವ ಗುಂಡಿ ಒತ್ತಲು ಒಳಗೆ ಹೋಗಿದ್ದರು. ಬಗ್ಗಿ ನೋಡಿದೆ. ತಿಳಿಯಾದ, ತಣ್ಣನೆಯ ಮಳೆನೀರು. ನಲ್ಲಿಯಲ್ಲ, ಬಾವಿಯಂಥ ನೀರು!

ನನಗಾದ ಸಂತೋಷ ಹೇಳತೀರದು. ನೀರು ಸೇದಿದೆ, ಸೋಸಿದೆ, ಅರಿವೆ ತಿರುವಿ ತೊಳೆದೆ. ಜೀವಾಣಿಯನ್ನು, ಅತ್ತೆ ಕಲಿಸಿದಂತೆಯೇ, ಸಪ್ಪಳವಾಗದ ಹಾಗೆ ಬಗ್ಗಿ ತೊಟ್ಟಿಗೇ ಬಿಟ್ಟೆ. ಒಂದು ತಂಬಿಗೆ. ಮತ್ತೆ ಮಾಡಿ, ಇನ್ನೊಂದು. ಆಮೇಲೆ ಒಳಗೆ ಹೋಗಿ ಮಿಲ್ಕಾಬಾಯಿಗೆ ಹೆಮ್ಮೆಯಿಂದ, "ನಿಮ್ಮ ತೊಟ್ಟಿ ಸೇವಾ ಮಾಡಿ ಬಂದೇನ್ರಿ" ಎಂದೆ.

ಅವರು ಕೈಯಲ್ಲಿದ್ದ ಟವೆಲ್ ಕೆಳಗಿಟ್ಟರು.

"ತಂಬಿಗಿಲೆ ಸುರುವಿದಿ?"

"ಹೌದ್ರಿ."

"ಎಷ್ಟು?"

"ಎರಡು ತಂಬಿಗಿ."

ಹಿತ್ತಲಿಗೆ ಓಡಿ ಬಗ್ಗಿ ನೋಡಿದರು. ನೀರು ಗೆರೆಗೆ ನಾಲ್ಕು ಬೆರಳು ಕಡಿಮೆಯಿತ್ತು. ಮೋಡ ಇನ್ನೂ ಕವಿದಿತ್ತು, ಸಂಜೆಗೆ ಇನ್ನೊಂದು ಮಳೆಯಾದರೆ ತುಂಬುತ್ತದೆಂದು ನಂಬಿಯೇ ಅವರು ನೀರು ಕಾಯಿಸಲು ಹಚ್ಚಿದ್ದರು. ಪಟ್ಟಣದ ಧರ್ಮಗುರುವಿಗೆ ಫೋನು ಮಾಡಿದರು. ಅವರೂ ಅದನ್ನೇ ಕೇಳಿದರು: ಎಷ್ಟು ತಂಬಿಗೆ, ತಂಬಿಗೆ ಎಷ್ಟು ದೊಡ್ಡದು? ನಾನು ತಂಬಿಗೆ ತಂದು ತೋರಿಸಿದೆ. ಫೋನಿನಲ್ಲಿ ಕಾಣುವುದಿಲ್ಲವೆಂಬುದೂ ಹೊಳೆಯಲಿಲ್ಲ. ಸಣ್ಣದೊಂದು ತಂಬಿಗೆಯಾಗಿದ್ದರೆ ನಡೆಯುತ್ತಿತ್ತಂತೆ. ಗೆರೆ ಮುಟ್ಟಿದ ಮೇಲಾಗಿದ್ದರೆ ನೂರು ಕೊಡ ಸುರಿದರೂ ನಡೆಯುತ್ತಿತ್ತಂತೆ. ಗೆರೆಗೆ ಮೊದಲು, ಪಾತ್ರೆಯಿಂದ, ಎರಡು ತಂಬಿಗೆ ಎಂದರೆ ತೊಟ್ಟಿ ಪೂರ್ತಿ ಖಾಲಿ ಮಾಡಿ, ಒರೆಸಿ, ಮತ್ತೆ ಮಳೆಗೆ ಕಾಯಬೇಕು.

"ಒಂದ ಅಂದಿದ್ರ ಏನಾಗತಿತ್ತ ನಿನಗ" ಎಂದು ಮಿಲ್ಕಾಬಾಯಿ ತಲೆ ಹಿಡಿದು ಕೂತರು. ಬಾಗಿಲಲ್ಲಿ ರೂತ್ ನಿಂತಿದ್ದಳು, ಉಗುರು ಕತ್ತರಿಸಿ, ಉಂಗುರ ಬಿಚ್ಚಿಟ್ಟು. ಉಂಗುರವನ್ನು ಮೆಲ್ಲಗೆ ಮತ್ತೆ ಬೆರಳಿಗೇರಿಸಿದಳು. ಬೈದಿದ್ದರೆ ಒಳ್ಳೆಯದಿತ್ತು. ಹುಳಕ್ಕೆ ನೋವಾಗಬಾರದೆಂದು ಹೋಗಿ ಒಂದು ಹುಡುಗಿಯ ಮುಖ ಹಾಗೆ ಮಾಡಿದೆನಲ್ಲ ಎಂದು ನನಗೆ ಅಳು ಬಂತು.

ಪಟ್ಟಣದ ರಸ್ತೆ

ಪಟ್ಟಣದಲ್ಲಿ ಇನ್ನೊಂದು ಮಿಕ್ವೆ ಇತ್ತು. ಕೊನೆಯ ಬಸ್ಸು ಹೋಗಿತ್ತು. ಡ್ಯಾನಿಯ ಹತ್ತಿರ ಇದ್ದದ್ದು ಟ್ರ್ಯಾಕ್ಟರು. ಗುಟ್ಟಿನ ಕೆಲಸಕ್ಕೆ ಟ್ರ್ಯಾಕ್ಟರಿನಲ್ಲಿ ಹೋಗುವುದುಂಟೆ? ಉಳಿದದ್ದು ಒಂದೇ ವಾಹನ, ನಮ್ಮ ಬೆಳೆಗಾರರನ್ನು ಸಂಜೆ ಪಟ್ಟಣಕ್ಕೆ ಒಯ್ಯುವ ಸಣ್ಣ ಬಸ್ಸು. ಅದರಲ್ಲಿ ರೂತಳನ್ನು ಕಳಿಸಬೇಕು, ಯಾಕೆಂದು ಅಥಣಿಯ ಎಂಟು ಗಂಡಸರಿಗೆ ತಿಳಿಯಬಾರದು.

"ನಂಗ ಹೊಟ್ಟಿ ಕಡ್ಯಾಕತ್ತೈತ್ರಿ" ಎಂದೆ. ಅಂಗಳದಲ್ಲಿ ಎಲ್ಲರೂ ಇದ್ದಾಗಲೇ ಎಂದೆ, ಹೊಟ್ಟೆ ಹಿಡಿದು ಎಂದೆ. ದವಾಖಾನೆಗೆ ಹೋಗಬೇಕು, ಅಲ್ಲಿಯ ಭಾಷೆಗೆ ರೂತ್ ಜೊತೆಗೆ ಬೇಕು. ಮಿಲ್ಕಾಬಾಯಿ ಬರುವಂತಿರಲಿಲ್ಲ. ತೊಟ್ಟಿ ಖಾಲಿ ಮಾಡುವ ಕೆಲಸ ನಾನು ಅವರಿಗೆ ಹಚ್ಚಿಟ್ಟಿದ್ದೆ.

ನಮ್ಮ ಕಡೆಯ ಜನಕ್ಕೆ ಕಾಯಿಲೆಯವರು ಸಿಕ್ಕರೆ ಬಿಡುತ್ತಾರೆಯೇ? ಅಥಣಿಯ ಗುರುಪಾದಣ್ಣ ತಮ್ಮ ಚೀಲದಿಂದ ಅಜವಾನ ತೆಗೆದರು.

"ವೈನಿ, ಇಷ್ಟ ಬಾಯಾಗ ಹಾಕ್ಕೊಂಡು ಬಿಸಿನೀರು ಕುಡೀರಿ. ಈಗಿಂದೀಗ ಕಮ್ಮಿ ಆಗತೈತಿ."

"ಸೂರ್ಯಾ ಮುಳಗ್ಯಾನ್ರಿ ಅಣ್ಣಾರ. ನಾ ಏನೂ ತಗೊಳ್ಳಂಗಿಲ್ಲ."

ಹಿಂಗು ಬಂತು, ಸೋಡಾ ಪುಡಿ ಬಂತು, ಉಗಾರದವರೊಬ್ಬರು ಗುಳಿಗೆಯ ಡಬ್ಬಿಯನ್ನೇ ತೆರೆದರು. ಎಲ್ಲವನ್ನೂ ಮುಳುಗಿದ ಸೂರ್ಯನ ಹೆಸರಲ್ಲಿ ತಪ್ಪಿಸಿಕೊಂಡೆ. ನನ್ನ ದಿನ ಸೂರ್ಯ ಮುಳುಗಿದಾಗ ಮುಗಿಯುತ್ತದೆ, ರೂತಳ ರಾತ್ರಿ ಆಗಲೇ ಶುರುವಾಗುತ್ತದೆ. ಎರಡು ಧರ್ಮದವರು ನಾವು ಬಸ್ಸಿನ ಒಂದೇ ಸೀಟಿನಲ್ಲಿ ಆ ಒಂದು ಸೂರ್ಯನನ್ನು ಹಂಚಿಕೊಂಡು ಕೂತಿದ್ದೆವು.

ನಮ್ಮ ಮನೆಯವರು ಹಿಂದಿನ ಸೀಟಿನಿಂದ ಬಗ್ಗಿ ನನ್ನ ಭುಜ ಹಿಡಿದು, "ಭಾಳ ಕಡಿಯಾಕತ್ತೈತೇನ?" ಎಂದು ಕೇಳಿದರು. ಹದಿನೆಂಟು ವರ್ಷದಲ್ಲಿ ನಾಲ್ಕು ಜನರೆದುರು ಅವರು ನನ್ನನ್ನು ಮುಟ್ಟಿದ್ದು ಅದೇ ಮೊದಲು. ನನ್ನ ಹೊಟ್ಟೆಯಲ್ಲಿ ಆಗ ನಿಜವಾಗಿ ಏನೋ ಆಯಿತು.

ಬೋರ್ಡಿಲ್ಲದ ದವಾಖಾನೆ

ಬಸ್ಸು ಒಂದು ಸಣ್ಣ ಕಟ್ಟಡದ ಮುಂದೆ ನಿಂತಿತು. ಗುರುಪಾದಣ್ಣ ಕಿಟಕಿಯಿಂದ ನೋಡಿದರು.

"ಇದೆಂಥಾ ದವಾಖಾನಿರಿ? ಬೋರ್ಡ ಇಲ್ಲ, ಗಂಡಸರು ಒಬ್ಬರೂ ಇಲ್ಲ."

"ಹೆಣ್ಮಕ್ಕಳದರಿ" ಎಂದೆ.

ಎಂಟು ಜನವೂ ತಲೆ ತಗ್ಗಿಸಿದರು. ಡ್ರೈವರು ಅವರನ್ನು ವಸತಿಗೃಹಕ್ಕೆ ಬಿಟ್ಟು ಬರುತ್ತೇನೆಂದು ಕೈಸನ್ನೆ ಮಾಡಿದ. ಒಬ್ಬರೂ ಒಪ್ಪಲಿಲ್ಲ. "ವೈನಿ ಹೊರಗ ಬರೂತನಾ ನಾವು ಹಂದಾಡೂದಿಲ್ಲ" ಎಂದರು. ಲೋಕಕ್ಕೆ ತಿಳಿಯದಂತೆ ಹೆಂಗಸರು ಒಬ್ಬೊಬ್ಬರೇ ಬಂದು ಹೋಗುವ ಆ ಬಾಗಿಲಿಗೆ ನಮ್ಮ ಒಂಬತ್ತು ಗಾಂಧಿ ಟೊಪ್ಪಿಗೆಗಳು ಒಂದು ತಾಸು ಕಾವಲು ಕೂತವು.

ಒಳಗೆ ಬೆಚ್ಚಗಿತ್ತು. ಮೂರು ಹೆಂಗಸರು ಒಬ್ಬರ ಮುಖ ಒಬ್ಬರು ನೋಡದೆ ಕೂತಿದ್ದರು. ರೂತ್ ತೊದಲು ಮರಾಠಿಯಲ್ಲಿ ಮೆಲ್ಲಗೆ ಮಾತಾಡಿದಳು.

"ಮಾವಶಿ, ನೀವು ಅಳಬ್ಯಾಡ್ರಿ. ಎರಡು ವರ್ಷದಾಗ ಇದು ಮೊದಲನೇ ಸಲ."

"ಏನವಾ ಮೊದಲನೇ ಸಲ?"

"ಅತ್ತಿ ಇಲ್ಲದ ಮುಳಗೂದು." ಅವಳ ಕಣ್ಣು ನಗುತ್ತಿತ್ತು. "ನನ್ನ ಉಗುರು ಅವರ ನೋಡ್ತಾರ, ನನ್ನ ದಿನಾ ಅವರ ಎಣಿಸ್ತಾರ. ನೀರಾಗಿಂದ ತಲಿ ಎತ್ತಿದ್ರ ಮೊದಲ ಅವರ ಮುಖಾ. ಇಂಥಾ ರಾತ್ರಿ ಮೊದಲ ಅತ್ತಿ ಮುಖಾ ನೋಡಿ, ಆಮ್ಯಾಲ ಗಂಡನ ಮುಂದ ಹೋಗಿ ನಿಂದರಬೇಕು. ಹೆಂಗ ಅನಸಬಹುದು ಹೇಳ್ರಿ."

ನನಗೆ ಹೇಳಬೇಕಾದ್ದಿರಲಿಲ್ಲ. ನಮ್ಮ ಮನೆಯ ಗೂಡು ಕಣ್ಮುಂದೆ ಬಂತು. ಸೆರಗಿನ ಗಂಟು ಬಿಚ್ಚಿ ನಾಲ್ಕು ಹುಣಸೆ ಬೀಜ ಅವಳ ಅಂಗೈಗೆ ಹಾಕಿದೆ. "ನಿನ್ನ ಲೆಕ್ಕಾ ನೀನ ಹಿಡಿ" ಎಂದೆ.

ಎಣಿಸಿ ನೋಡಿದಳು. "ನಾಕ ಅದಾವು. ನಂಗ ಏಳು ಬೇಕು."

"ಮೂರು ನೀ ಕೂಡಿಸ್ಕೋ."

ಅವಳ ಹೆಸರು ಕರೆದರು. ಅರ್ಧ ತಾಸಿನ ಮೇಲೆ ಹೊರಗೆ ಬಂದಳು. ತಲೆಗೆ ರುಮಾಲು, ಕೂದಲಿಂದ ನೀರು ತೊಟ್ಟಿಕ್ಕುತ್ತಿತ್ತು, ಮುಖ ತೊಳೆದಿಟ್ಟ ಹಣ್ಣಿನಂತಿತ್ತು. ನಾವು ಬಸ್ಸು ಹತ್ತಿದಾಗ ಮತ್ತೆ ಮಳೆ ಶುರುವಾಗಿತ್ತು. ಅವಳ ಹಸಿ ತಲೆಯ ಬಗ್ಗೆ ಯಾರೂ ಕೇಳಲಿಲ್ಲ.

"ಏನಂದ್ರು ಡಾಕ್ಟರು?" ಎಂದರು ನಮ್ಮ ಮನೆಯವರು.

"ನೀರಿನ ತ್ರಾಸಂತ."

"ನಾ ಹೇಳಿದ್ನೆಲ್ಲರಿ" ಎಂದರು ಗುರುಪಾದಣ್ಣ ಉಳಿದವರ ಕಡೆ ತಿರುಗಿ. "ಎಲ್ಲ್ಯೋ ಸೋಸಲಾರದ ನೀರು ಕುಡದಾರ ವೈನಿ."

ಜೀವಮಾನವಿಡೀ ಸತ್ಯ ಅಹಿಂಸೆ ಎಂದು ಬೆಳೆದವಳು ನಾನು. ಆ ದಿನ ನನ್ನ ಅಹಿಂಸೆ ಒಂದು ಹಳ್ಳಿಯ ತೊಟ್ಟಿ ಕೆಡಿಸಿತು, ನನ್ನ ಸತ್ಯ ಅದನ್ನು ಖಾಲಿ ಮಾಡಿಸಿತು, ಕೆಲಸಕ್ಕೆ ಬಂದದ್ದು ಸುಳ್ಳು. ಇದನ್ನು ಬಸದಿಯಲ್ಲಿ ಯಾರಿಗೆ ಹೇಳಲಿ?

ಮರುದಿನ ನಸುಕು

ಡ್ಯಾನಿ ಹಸಿರು ಬಟ್ಟೆ ಹಾಕಿಕೊಂಡು, ಚೀಲ ಹೆಗಲಿಗೇರಿಸಿ ನಿಂತಿದ್ದ. ರೂತ್ ಚಹಾ ತಂದಳು. ಮೇಜು ಪಕ್ಕದಲ್ಲೇ ಇತ್ತು. ಅವಳು ಮೇಜಿನ ಮೇಲೆ ಇಡಲಿಲ್ಲ. ಅವನ ಕೈಗೇ ಕೊಟ್ಟಳು, ಅವನು ಕಪ್ಪಿನ ಜೊತೆಗೆ ಅವಳ ಬೆರಳುಗಳನ್ನೂ ಹಿಡಿದ. ಇಬ್ಬರೂ ಬಿಡಲಿಲ್ಲ. ಚಹಾ ಆರಿಹೋಯಿತು. ನಾನು ಅಡುಗೆಮನೆಯ ಬಾಗಿಲಲ್ಲಿ ನಿಂತು, ನೋಡಬಾರದೆಂದು ಗೊತ್ತಿದ್ದೂ ನೋಡಿದೆ. ಅಷ್ಟು ಚಂದದ್ದನ್ನು ನಾನು ಆ ದೇಶದಲ್ಲಿ ಬೇರೆಲ್ಲೂ ನೋಡಲಿಲ್ಲ, ದ್ರಾಕ್ಷಿಯನ್ನೂ ಸೇರಿಸಿ.

ಶೇಡಬಾಳ

ಬಂದ ದಿನವೇ ಅತ್ತೆ ಕೇಳಿದ್ದು ಒಂದೇ ಮಾತು. "ಜೀವಾಣಿ ಎಲ್ಲಿ ಬಿಟ್ಟಿ?"

"ಒಂದು ತೊಟ್ಟಿ ಇತ್ರಿ. ಮಳಿ ನೀರಿಂದು."

"ಪುಣ್ಯಾ ಬಂತು" ಎಂದರು. ನಾನು ಕೈಕಾಲು ತೊಳೆಯಲು ಹೋದೆ.

ಎರಡು ತಿಂಗಳಿಗೆ ಮಿಲ್ಕಾಬಾಯಿಯ ಕಾಗದ ಬಂತು. ತೊಟ್ಟಿ ತುಂಬಿದೆ, ಗೆರೆ ಮುಟ್ಟಿದೆ. ಮುಚ್ಚಳಕ್ಕೆ ಈಗ ಬೀಗ ಹಾಕಿದ್ದಾರೆ, ಕೀಲಿ ಅವರ ಸೊಂಟದಲ್ಲಿದೆ. ಆದರೆ ರೂತ್ ಮಾತ್ರ ಅದರ ಕಡೆ ಬರುವುದಿಲ್ಲ. ಪಟ್ಟಣದ ನೀರು ಕೂದಲಿಗೆ ಹಿತವೆಂದು ಒಬ್ಬಳೇ ಬಸ್ಸಿಗೆ ಹೋಗುತ್ತಾಳೆ. ಅಡುಗೆಮನೆಯ ಕ್ಯಾಲೆಂಡರನ್ನೂ ತೆಗೆದಿಟ್ಟಿದ್ದಾಳೆ. "ಒಂದು ಡಬ್ಬಿಯಲ್ಲಿ ನಿಮ್ಮ ದೇಶದ ನಾಲ್ಕು ಬೀಜ ಇಟ್ಟುಕೊಂಡಿದ್ದಾಳೆ, ಜೊತೆಗೆ ಖರ್ಜೂರದ ಮೂರು. ಕೇಳಿದರೆ ನಗುತ್ತಾಳೆ. ಅದೇನು ಬೀಜ? ಬಿತ್ತಬೇಕೇನು?" ಎಂದು ಕೊನೆಗೆ ಬರೆದಿದ್ದರು.

ನಾನು ಕಾಗದವನ್ನು ಓದಿದ್ದು ಹಿತ್ತಲ ಕೋಣೆಯ ಹೊಸ್ತಿಲಲ್ಲಿ ಕೂತು. ಅವತ್ತು ಬೆಳಿಗ್ಗೆಯೇ ಕಾಗೆ ಮುಟ್ಟಿತ್ತು. ಅತ್ತೆ ಗೂಡಿನ ಮುಂದೆ ನಿಂತು ತಡಕಾಡುತ್ತಿದ್ದರು.

"ಆ ಬೀಜ ಎಲ್ಲಿ ಹೋದೂವು? ನಿನ್ನ ಕೈಯಾಗ ಕಟ್ಟಿ ಕೊಟ್ಟಿದ್ನೆಲ್ಲ."

"ಅಲ್ಲೇ ಬಿಟ್ಟು ಬಂದೇನ್ರಿ."

"ಹಂಗಾದ್ರ ಹೋದ ತಿಂಗಳು ನಾ ಯಾತ್ರಿಗೆ ಹೋದಾಗ ಎಣಿಸಿದ್ದು ಹೆಂಗ?" ಅವರು ಹುಣಸೆಹಣ್ಣಿನ ಡಬ್ಬಿಗೆ ಕೈ ಹಾಕಿದರು. "ತಡಿ, ಬ್ಯಾರೆ ತಗೀತೀನಿ."

"ಬ್ಯಾಡ್ರಿ ಅತ್ತಿ" ಎಂದೆ. ಅತ್ತೆಗೆ ಬೇಡವೆಂದದ್ದು ನನ್ನ ನೆನಪಿನಲ್ಲಿ ಅದೇ ಮೊದಲು. "ನಾಕರ ತನಾ ಎಣಿಸಾಕ ನಂಗ ಬರತೈತ್ರಿ."